ಸತ್ತ ಧಣಿಯ ನಡಿಗೆ

ನನ್ನ ಹೆಸರು ಪೇತಲೆ. ಕೂಲಿಗೆ ಅಳುವವಳು. ರೋಮಿನ ದೊಡ್ಡ ಮನೆಗಳಲ್ಲಿ ಸಾವಾದರೆ ನನಗೆ ಹೇಳಿಕಳಿಸುತ್ತಾರೆ. ನನ್ನ ಹೆಂಗಸರನ್ನು ಕಟ್ಟಿಕೊಂಡು, ತಲೆಗೂದಲು ಕೆದರಿಕೊಂಡು, ಎದೆ ಬಡಿದುಕೊಳ್ಳುತ್ತ ಹೆಣದ ಮುಂದೆ ಹೋಗುತ್ತೇನೆ. ಸತ್ತವನು ಹೆಂಡತಿಗೆ ಹೊಡೆದವನಿರಲಿ, ಗುಲಾಮರ ಬೆನ್ನು ಸುಲಿದವನಿರಲಿ, ಅವನಂಥ ಪುಣ್ಯಾತ್ಮ ಇನ್ನು ಹುಟ್ಟುವುದಿಲ್ಲ ಎಂದು ಹಾಡುತ್ತೇನೆ. ಗಂಟಲು ನನ್ನದು, ದುಃಖ ಅವರದು. ಅದರ ಬಗ್ಗೆ ನನಗೆ ನಾಚಿಕೆಯೇನೂ ಇಲ್ಲ, ಹೊಟ್ಟೆಪಾಡು.

ಆದರೆ ಹಿಲಾರಸ್‌ಗಾಗಿ ನಾನು ಹಾಡಿದ್ದಿಲ್ಲ. ಅವನ ಬದುಕನ್ನು ನೆನೆದರೆ ಹಾಡು ಬರುವುದಿಲ್ಲ, ಬೈಗುಳ ಬರುತ್ತದೆ.

ಅವನ ಕೆಲಸವೂ ನನ್ನ ಕೆಲಸದಂತೆ ಸಾವಿನದ್ದೇ. ಸೆರ್ತಿನಿಯಸ್ ಮನೆತನದ ಹಜಾರಕ್ಕೆ ಹೋದವರಿಗೆ ಮೊದಲು ಕಾಣುವುದು ಮರದ ಕಪಾಟುಗಳು. ಅವುಗಳೊಳಗೆ ಆ ಮನೆಯ ಅಜ್ಜ ಮುತ್ತಜ್ಜಂದಿರ ಮೇಣದ ಮುಖಗಳು. ಒಂದು ಕಾಲದಲ್ಲಿ ಊರಾಳುವ ಕಾನ್ಸಲ್ ಆಗಿದ್ದವರು, ದಂಡು ನಡೆಸಿದವರು, ನ್ಯಾಯಪೀಠದಲ್ಲಿ ಕುಳಿತವರು. ಮನೆಯಲ್ಲಿ ಸಾವಾದ ದಿನ ಆ ಮುಖಗಳೆಲ್ಲ ಹೊರಗೆ ಬರುತ್ತವೆ. ಬಾಡಿಗೆಯ ಮಂದಿ ಅವನ್ನು ಹಾಕಿಕೊಂಡು, ಆಯಾ ಅಜ್ಜನ ಪದವಿಗೆ ತಕ್ಕ ತೋಗಾ ಹೊದ್ದು, ಕೋಲುಕಟ್ಟು ಹಿಡಿದ ಭಟರನ್ನು ಮುಂದಿಟ್ಟುಕೊಂಡು ಊರ ನಡುವಿನ ಚೌಕ ಫೋರಂ ತನಕ ನಡೆಯುತ್ತಾರೆ. ಸತ್ತವರೇ ಎದ್ದು ಬಂದರು ಎಂದು ಜನ ಬಾಯಿ ಬಿಟ್ಟುಕೊಂಡು ನೋಡುತ್ತಾರೆ. ನಮ್ಮಂಥವರ ಅಜ್ಜಂದಿರಿಗೆ ಇಂಥ ಭಾಗ್ಯವಿಲ್ಲ. ಅವರ ಮುಖ ಚಿತೆಯ ಮೇಲೆಯೇ ಮುಗಿಯಿತು. ಮೇಣವೂ ಬೇಕಲ್ಲ, ಕಪಾಟೂ ಬೇಕಲ್ಲ!

ಇನ್ನೊಂದು ಪದ್ಧತಿಯಿದೆ. ದೊಡ್ಡ ಧಣಿ ಬದುಕಿರುವಾಗಲೇ ಒಬ್ಬನನ್ನು ಹಿಂದೆ ಇಟ್ಟುಕೊಳ್ಳುತ್ತಾನೆ. ಧಣಿ ಹೇಗೆ ನಡೆಯುತ್ತಾನೆ, ಹೇಗೆ ಕೆಮ್ಮುತ್ತಾನೆ, ಕೋಪ ಬಂದರೆ ಯಾವ ಕೈ ಎತ್ತುತ್ತಾನೆ ಎಂದು ಆ ಮನುಷ್ಯ ವರ್ಷಗಟ್ಟಲೆ ನೋಡಿ ಕಲಿಯಬೇಕು. ಧಣಿ ಸತ್ತ ದಿನ ಅವನದೇ ಮೇಣದ ಮುಖ ಹಾಕಿಕೊಂಡು ಅವನಾಗಿಯೇ ಹೆಣದ ಮುಂದೆ ನಡೆಯಬೇಕು. ಮುದಿ ಔಲಸ್ ಸೆರ್ತಿನಿಯಸ್ ಹೀಗೆ ಇಟ್ಟುಕೊಂಡಿದ್ದವನೇ ಹಿಲಾರಸ್.

ಅವನನ್ನೇ ಯಾಕೆ ಇಟ್ಟುಕೊಂಡ ಎನ್ನುವುದನ್ನು ಹೇಳುತ್ತೇನೆ. ಹಿಲಾರಸ್‌ನ ತಾಯಿ ದಾಫ್ನೆ ಆ ಮನೆಯಲ್ಲಿ ಉಣ್ಣೆ ನೂಲುವ ಗುಲಾಮಳು. ಮಗುವಿನ ಅಪ್ಪ ಯಾರು ಎಂದು ಯಾರೂ ಕೇಳಲಿಲ್ಲ, ಯಾರಿಗೂ ಗೊತ್ತಿಲ್ಲದ್ದೂ ಅಲ್ಲ. ಗಿಳಿಮೂಗು, ಎಡಗಡೆ ಮೇಲಕ್ಕೆ ಹಾರಿದ ಹುಬ್ಬು, ಕೆನ್ನೆಗೆ ಅಂಟಿಕೊಂಡ ಕಿವಿ. ಧಣಿಯ ಮುಖವನ್ನೇ ತಂದು ಕೂಸಿಗೆ ಅಂಟಿಸಿದ ಹಾಗಿತ್ತು. ಆದರೆ ಕರು ಯಾರದು ಅಂದರೆ ಹಸು ಕಟ್ಟಿದ ಕೊಟ್ಟಿಗೆಯದು ಅನ್ನುತ್ತದೆ ನಮ್ಮ ಕಾನೂನು. ಗುಲಾಮಳ ಹೊಟ್ಟೆಯಲ್ಲಿ ಹುಟ್ಟಿದ್ದು ಗುಲಾಮ. ಅದಕ್ಕೆ ಅಪ್ಪ ಅನ್ನುವವನೇ ಇಲ್ಲ. ಧಣಿಯ ಮದುವೆಯ ಹೆಂಡತಿ ಹೆತ್ತ ನ್ಯುಮೇರಿಯಸ್‌ಗೆ ಅಮ್ಮನ ಚಪ್ಪಟೆ ಮೂಗು ಬಂದಿತ್ತು. ಆದರೂ ಮನೆ, ತೋಟ, ಕಪಾಟಿನ ಅಜ್ಜಂದಿರು ಎಲ್ಲ ಅವನವೇ.

ಹಿಲಾರಸ್ ಹುಡುಗನಾಗಿದ್ದಾಗ ಅಡುಗೆಮನೆಯಲ್ಲಿ ಧಣಿಯ ನಡಿಗೆ ಅಣಕಿಸಿ ಎಲ್ಲರನ್ನೂ ನಗಿಸುತ್ತಿದ್ದನಂತೆ. ಒಂದು ದಿನ ಧಣಿಯೇ ಬಾಗಿಲಲ್ಲಿ ಬಂದು ನಿಂತ. ಅಡುಗೆಯವರೆಲ್ಲ ಗೋಡೆಗೆ ಅಂಟಿಕೊಂಡರು. ಹುಡುಗನ ಚರ್ಮ ಇವತ್ತು ಉಳಿಯುವುದಿಲ್ಲ ಎಂದೇ ಎಣಿಸಿದರು.

"ಏಯ್, ಇನ್ನೊಂದ್ಸಲ ನಡಿ," ಅಂದ ಮುದುಕ.

ಹುಡುಗ ನಡೆದು ತೋರಿಸಿದ, ಕೆಮ್ಮಿಯೂ ತೋರಿಸಿದ.

"ಕೆಮ್ಮು ಸರಿ ಬರ್ಲಿಲ್ಲ. ನಂದು ಎದೆಯಿಂದ ಬರ್ತದೆ, ನೀನು ಗಂಟಲಿಂದ ತೆಗೀತಿದೀಯ. ನಾಳೆಯಿಂದ ನನ್ನ ಹಿಂದೆ ಬಾ."

ಅಂದಿನಿಂದ ಮುದುಕನ ನೆರಳಾದ. ಈ ಕಥೆಯನ್ನು ಹಿಲಾರಸ್ ನನಗೆ ನಗುನಗುತ್ತಲೇ ಹೇಳುತ್ತಿದ್ದ. ನಮ್ಮ ಸಾವಿನ ಕೆಲಸದ ಗುತ್ತಿಗೆದಾರ ಗೆಮೆಲ್ಲಸ್‌ನ ಅಂಗಳದ ಪಕ್ಕದಲ್ಲೇ ಗಂಜಿ ಅಂಗಡಿಯೊಂದಿತ್ತು. ಬೇರೆ ಮನೆತನಗಳ ಸಾವಿಗೂ ಹಿಲಾರಸ್‌ನನ್ನು ಬಾಡಿಗೆಗೆ ಕಳಿಸುತ್ತಿದ್ದರಿಂದ ಕೆಲಸ ಮುಗಿಸಿ ಇಬ್ಬರೂ ಅಲ್ಲಿ ಕೂತು ಬಾರ್ಲಿ ಗಂಜಿ ಕುಡಿಯುತ್ತಿದ್ದೆವು. ಅಂಗಡಿಯವಳು ಗಂಜಿ ನೀರು ಮಾಡಿದರೆ ಇವನು ಧಣಿಯ ದನಿಯಲ್ಲಿ ಕೆಮ್ಮುತ್ತಿದ್ದ. ಮೂಲೆಯಲ್ಲಿ ಕೂತ ಸೆರ್ತಿನಿಯಸ್ ಮನೆಯ ಗುಲಾಮರು ಬಟ್ಟಲು ಬಿಟ್ಟು ದಡಕ್ಕನೆ ಎದ್ದು ನಿಲ್ಲುತ್ತಿದ್ದರು. ನಾನು ಹೊಟ್ಟೆ ಹುಣ್ಣಾಗುವಂತೆ ನಗುತ್ತಿದ್ದೆ.

ಒಮ್ಮೆ ಮಾತ್ರ ಅವನು ನಗಲಿಲ್ಲ.

"ಅಕ್ಕಾ, ಒಬ್ನೇ ಬೀದೀಲಿ ಹೋಗ್ತಿರ್ತೀನಲ್ಲ, ಆವಾಗ್ಲೂ ಅವ್ರ ಹಂಗೇ ನಡೀತೀನಿ. ನನ್ ನಡಿಗೆ ಯಾವ್ದು ಅಂತ ನಂಗೇ ಗೊತ್ತಿಲ್ಲ ಕಣಕ್ಕಾ."

"ಕುಡಿದಾಗ ಒಂದ್ ನಡಿಗೆ ನಡೀತೀಯಲ್ಲ, ಅದು ನಿಂದೇ ಬಿಡೋ ತಮ್ಮಾ," ಅಂದೆ.

ಮೂವತ್ತರ ಹೊತ್ತಿಗೆ ಮುದುಕ ಅವನನ್ನು ಬಿಡುಗಡೆ ಮಾಡಿದ. ಅವನ ಹೆಸರು ಔಲಸ್ ಸೆರ್ತಿನಿಯಸ್ ಹಿಲಾರಸ್ ಆಯಿತು. ಹುಟ್ಟಿನಿಂದ ಸ್ವತಂತ್ರನಾದವನು ಹೆಸರು ಹೇಳುವಾಗ ಇಂಥವನ ಮಗ ಅನ್ನುತ್ತಾನೆ. ಬಿಡುಗಡೆಯಾದವನು ಇಂಥವನು ಬಿಡಿಸಿದವನು ಅನ್ನಬೇಕು. ಇವನಿಗೆ ಆ ಎರಡೂ ಜಾಗದಲ್ಲಿ ಬರುವವನು ಒಬ್ಬನೇ. ಒಂದನ್ನು ಬೀದಿಯಲ್ಲಿ ಕೂಗಿ ಹೇಳಬಹುದಿತ್ತು. ಇನ್ನೊಂದನ್ನು ಹೇಳಿದ್ದರೆ ನಾಲಿಗೆ ಉಳಿಯುತ್ತಿರಲಿಲ್ಲ.

ಅವನಿಗೊಬ್ಬಳು ಮಗಳಿದ್ದಳು, ಮಿರ್ತಿಸ್. ಅವಳ ತಾಯಿಯೂ ಆ ಮನೆಯ ಗುಲಾಮಳೇ, ಜ್ವರದಲ್ಲಿ ತೀರಿಹೋಗಿದ್ದಳು. ಹಿಲಾರಸ್ ಸ್ವತಂತ್ರನಾದರೂ ಮಗಳು ಆಗಲಿಲ್ಲ, ಮತ್ತದೇ ಕೊಟ್ಟಿಗೆಯ ಲೆಕ್ಕ. ನ್ಯುಮೇರಿಯಸ್‌ನ ಹೆಂಡತಿಗೆ ತಲೆ ಬಾಚುವುದು ಅವಳ ಕೆಲಸ. ಒಂದು ಸುರುಳಿ ಹೆಚ್ಚುಕಮ್ಮಿಯಾದರೆ ಆ ಮಹಾತಾಯಿ ಕೂದಲಿಗೆ ಚುಚ್ಚುವ ಸೂಜಿಯನ್ನೇ ತೆಗೆದು ಹುಡುಗಿಯ ತೋಳಿಗೆ ಚುಚ್ಚುತ್ತಿದ್ದಳು. ತೋಳು ತುಂಬ ಚುಕ್ಕೆಗಳು. ಹಿಲಾರಸ್ ಕೇಳಿದಾಗಲೆಲ್ಲ ಮುದುಕ ಒಂದೇ ಮಾತು ಹೇಳುತ್ತಿದ್ದ: "ನಾನು ಸತ್ತಾಗ ನನ್ನ ಚೆನ್ನಾಗಿ ನಡೆಸು. ಹುಡುಗೀನ ಬಿಡೋಕೆ ಉಯಿಲಲ್ಲಿ ಹೇಳಿರ್ತೀನಿ."

ಒಂದು ಬೇಸಿಗೆಯಲ್ಲಿ ಮುದುಕ ಸತ್ತ. ಉಯಿಲಿನಲ್ಲಿ ಬೇಟೆನಾಯಿಗೂ ಒಂದು ವ್ಯವಸ್ಥೆಯಿತ್ತು. ಮಿರ್ತಿಸ್‌ಳ ಸುದ್ದಿಯೇ ಇರಲಿಲ್ಲ. ಮರೆತನೋ, ಬೇಕೆಂದೇ ಬಿಟ್ಟನೋ, ಆ ಪಾಪಿಗೇ ಗೊತ್ತು. ಹುಡುಗಿ ಅವನ ಮೊಮ್ಮಗಳು, ಇದನ್ನು ಮರೆಯಬೇಡಿ.

ಹಿಲಾರಸ್ ನೇರ ನ್ಯುಮೇರಿಯಸ್‌ನ ಹತ್ತಿರ ಹೋದ. ನ್ಯುಮೇರಿಯಸ್ ಆ ವರ್ಷ ನ್ಯಾಯ ತೀರಿಸುವ ಪ್ರೇಟರ್ ಪದವಿಗೆ ಚುನಾವಣೆಗೆ ನಿಂತಿದ್ದ. ಮತ ಹಾಕುವ ಜನರ ಮುಂದೆ ಅಪ್ಪನ ಸಾವಿನ ಮೆರವಣಿಗೆ ಅದ್ದೂರಿಯಾಗಿ ಹೋಗಬೇಕಿತ್ತು. ಹಿಲಾರಸ್ ಇಲ್ಲದೆ ಅದು ಆಗುವಂತಿರಲಿಲ್ಲ.

"ಮಿರ್ತಿಸ್ ತಾನೇ? ಬಿಡಿಸ್ತೀನಿ. ಮಾತು ಕೊಟ್ಟಿದೀನಿ ಹೋಗು," ಅಂದ. "ಅಪ್ಪನ್ನ ಮಾತ್ರ ಜನ ಕಣ್ಣೀರು ಹಾಕೋ ಹಾಗೆ ನಡೆಸಬೇಕು."

ಹಿಲಾರಸ್ ಅಂಗಡಿಗೆ ಬಂದು ನಮಗೆಲ್ಲ ದ್ರಾಕ್ಷಾರಸ ಕೊಡಿಸಿದ. ಹುಳಿ ಬಂದದ್ದಾದರೂ ದ್ರಾಕ್ಷಾರಸವೇ. ಮಗಳಿಗೆ ಎಲ್ಲಿ ಕೋಣೆ ಹಿಡಿಯಬೇಕು, ಮಹಡಿ ಹತ್ತಿದರೆ ಬೆಂಕಿಯ ಭಯ, ಕೆಳಗಾದರೆ ಕಳ್ಳರ ಭಯ ಎಂದು ಏನೇನೋ ಮಾತಾಡಿದ.

ಸಾವಿನ ಮೆರವಣಿಗೆಯ ಬೆಳಿಗ್ಗೆ ಹಜಾರದಲ್ಲಿ ನಾನಿದ್ದೆ, ನನ್ನ ಹೆಂಗಸರಿದ್ದರು. ಹಿಲಾರಸ್ ನೇರಳೆ ಅಂಚಿನ ತೋಗಾ ಹೊದ್ದು ಮಣೆಯ ಮೇಲೆ ಕೂತಿದ್ದ. ಮಿರ್ತಿಸ್ ಮುದುಕನ ಮೇಣದ ಮುಖಕ್ಕೆ ಕೂರಿಸಿದ ಕೂದಲನ್ನು ಬಾಚುತ್ತಿದ್ದಳು. ಅವಳ ಕೈ ಒಂದೇ ಕಡೆ ಆಡುತ್ತಿತ್ತು.

"ಏನಾಯ್ತೇ?" ಅಂದ ಹಿಲಾರಸ್.

"ಅಮ್ಮಾವ್ರು ಗಂಟುಮೂಟೆ ಕಟ್ಕೋ ಅಂದ್ರು," ಅಂದಳು ಅವಳು. ಅಪ್ಪನ ಮುಖ ನೋಡಲಿಲ್ಲ. "ಕಾಪುವಾದಿಂದ ಧಾನ್ಯದ ಸಾಹುಕಾರ್ರು ಬಂದಿದಾರಲ್ಲ, ಅವ್ರಿಗೆ ಕೊಟ್ಬಿಟ್ಟವ್ರೆ ನನ್ನ. ಅವ್ರು ಅಲ್ಲಿಂದ ಜನ ಕರ್ಕೊಂಡ್ ಬಂದು ಧಣೇರಿಗೆ ಮತ ಹಾಕಿಸ್ತಾರಂತೆ. ಹಿಂದ್ಗಡೆ ಬಾಗ್ಲಲ್ಲಿ ಗಾಡಿ ನಿಂತೈತೆ. ಸಂಜೆಗೆ ಹೊರಡ್ತಾರಂತೆ."

ಆ ಸಾಹುಕಾರನನ್ನು ನಾನು ನೋಡಿದ್ದೆ. ಹುಡುಗಿಯರನ್ನು ಹೇಗೆ ನೋಡುತ್ತಾನೆ ಎನ್ನುವುದನ್ನೂ ನೋಡಿದ್ದೆ. ಅವಳನ್ನು ತಲೆ ಬಾಚಿಸಿಕೊಳ್ಳಲು ಒಯ್ಯುವುದಾಗಿರಲಿಲ್ಲ, ಅವನ ತಲೆಯಲ್ಲಿ ಕೂದಲೇ ಇರಲಿಲ್ಲ.

ಹಿಲಾರಸ್ ಎದ್ದು ನ್ಯುಮೇರಿಯಸ್ ನಿಂತಿದ್ದ ಕಂಬದ ಹತ್ತಿರ ಹೋದ. ಅವನು ಶೋಕದ ಕಪ್ಪು ತೋಗಾದ ಮಡಿಕೆ ಸರಿಮಾಡಿಸಿಕೊಳ್ಳುತ್ತಿದ್ದ.

"ಬುದ್ದೀ, ಮಾತು ಕೊಟ್ಟಿದ್ರಿ."

"ಯಾವ ಮಾತೋ?"

"ಮಿರ್ತಿಸ್‌ನ ಬಿಡಿಸ್ತೀನಿ ಅಂತ."

ನ್ಯುಮೇರಿಯಸ್ ನಕ್ಕ. ದೇವರಾಣೆ, ಅಪ್ಪನ ಹೆಣ ಹಜಾರದಲ್ಲಿ ಮಲಗಿರುವಾಗ ನಕ್ಕ. "ಹಿಲಾರಾ, ಮಾತು ಅನ್ನೋದು ಸರೀಕರ ನಡುವೆ ಕಣಯ್ಯಾ. ನಾನು ನಾಯಿಗೂ ಮೂಳೆ ಹಾಕ್ತೀನಿ ಅಂತಿರ್ತೀನಿ. ಅದು ಹೋಗಿ ನ್ಯಾಯ ಕೇಳ್ತದಾ? ಹೋಗು, ಹೊತ್ತಾಯ್ತು, ಮುಖ ಹಾಕ್ಕೋ."

ನನಗೆ ಮೈ ಉರಿದುಹೋಯಿತು. ಹಿಲಾರಸ್ ವಾಪಸ್ ಬಂದಾಗ ತೋಳು ಹಿಡಿದೆ. "ಬಿಸಾಕೋ ಆ ಹಾಳು ಮುಖವಾಡಾನ! ಅವನಪ್ಪನ್ನ ಅವನೇ ನಡೆಸ್ಲಿ!"

"ನಾನು ಈಗ ಬಿಟ್ಟೋದ್ರೆ ಮೊದ್ಲು ಏಟು ಬೀಳೋದು ಇವಳಿಗೆ," ಅಂದ. ಮಗಳ ಕೈಯಿಂದ ಮೇಣದ ಮುಖ ತೆಗೆದುಕೊಂಡ. "ನಡೀತೀನಿ ಅಕ್ಕಾ. ನೀನು ನಂಗೆ ಹತ್ರದಲ್ಲೇ ಇರು."

ಅವತ್ತು ಅವನು ನಡೆದ ಹಾಗೆ ಆಮೇಲೆ ಯಾರೂ ನಡೆದಿಲ್ಲ. ಮುದುಕನ ಜುಗ್ಗತನ ಊರಿಗೆಲ್ಲ ಗೊತ್ತಿತ್ತು. ಹಿಲಾರಸ್ ದಾರಿಯಲ್ಲಿ ನಿಂತು ಎಲೆಕೋಸಿನವಳ ಹತ್ತಿರ ಚೌಕಾಸಿ ಮಾಡಿದ, ಕೊಳ್ಳದೆ ಮುಂದೆ ಹೋದ. ಕೊಳಲಿನವರು ಜೋರಾಗಿ ಊದಿದರೆ ಕಿವಿ ಮುಚ್ಚಿಕೊಂಡು "ನಿಧಾನ, ನಿಧಾನ, ಉಸಿರಿಗೂ ಕೂಲಿ ಕೇಳ್ತೀರಾ?" ಅಂದ. ಜನ ಬಿದ್ದು ಬಿದ್ದು ನಕ್ಕರು, ನಗುತ್ತಲೇ ಕಣ್ಣೊರೆಸಿಕೊಂಡರು. ಸತ್ತವನ ವೇಷದವನು ಸತ್ತವನನ್ನೇ ಗೇಲಿ ಮಾಡಬಹುದು, ಅದಕ್ಕೆ ಯಾರೂ ಅಡ್ಡಿ ಮಾಡುವುದಿಲ್ಲ. ಅಷ್ಟು ವರ್ಷಗಳಲ್ಲಿ ಅವನಿಗೆ ಸಿಕ್ಕಿದ್ದ ಹಕ್ಕು ಅದೊಂದೇ.

ಫೋರಂನಲ್ಲಿ ಅಜ್ಜಂದಿರೆಲ್ಲ ದಂತದ ಕುರ್ಚಿಗಳ ಮೇಲೆ ಸಾಲಾಗಿ ಕೂತರು. ಕೊನೆಯ ಕುರ್ಚಿಯಲ್ಲಿ ಹಿಲಾರಸ್. ನ್ಯುಮೇರಿಯಸ್ ಕಟ್ಟೆ ಹತ್ತಿ ಭಾಷಣ ಶುರುಮಾಡಿದ. ವಂಶ, ಕೀರ್ತಿ, ಗೆದ್ದ ಯುದ್ಧ, ಕಟ್ಟಿಸಿದ ಗುಡಿ. ಆಮೇಲೆ ಎದೆಯ ಮೇಲೆ ಕೈಯಿಟ್ಟುಕೊಂಡು, "ನಮ್ಮ ತಂದೆ ಕೊಟ್ಟ ಮಾತಿಗೆ ಎಂದೂ ತಪ್ಪಿದವರಲ್ಲ. ನಾನು ಅವರ ಮಗ," ಅಂದ.

ಕುರ್ಚಿಯಿಂದ ಕೆಮ್ಮು ಕೇಳಿಸಿತು. ಎದೆಯಿಂದ ಬಂದ ಕೆಮ್ಮು.

ಹಿಲಾರಸ್ ಎದ್ದು ನಿಂತಿದ್ದ.

"ನ್ಯುಮೇರಿಯಸ್, ಸಾಕು ನಿಲ್ಸೋ. ಕೂತು ಕೂತು ಸತ್ತೋನ್ಗೂ ಸೊಂಟ ನೋವು ಬರ್ತದೆ." ಜನ ಗೊಳ್ಳೆಂದರು. "ಬದುಕಿದ್ದಾಗ ನಾನು ಯಾರಿಗೂ ಒಂದು ಕಡಲೆಕಾಳು ಬಿಟ್ಟೋನಲ್ಲ. ಗೊತ್ತಲ್ವಾ ನಿಮಗೆ?"

"ಗೊತ್ತು! ಗೊತ್ತು!" ಎಂದು ಫೋರಂ ಕೂಗಿತು.

"ಈಗ ಸತ್ತಿದೀನಿ. ಒಂದೇ ಒಂದು ಕೊಟ್ಟು ಹೋಗೋಣ ಅಂತ. ನಮ್ಮನೇಲಿ ಮಿರ್ತಿಸ್ ಅಂತ ಹುಡುಗಿ ಇದೆ. ಅವಳನ್ನ ಬಿಡಿಸ್ತೀನಿ ಅಂತ ಮಾತು ಕೊಟ್ಟಿದ್ದೆ. ಉಯಿಲಲ್ಲಿ ಹೇಳೋದು ಮರೆತೆ. ನನ್ ಮೂಗು ಅವಳ ಮುಖದ ಮೇಲೂ ಇದೆ, ಯಾಕೆ ಅಂತ ಕೇಳ್ಬೇಡಿ, ಪಕ್ಕದಲ್ಲಿ ನನ್ನ ಹೆಂಡತಿ ಇದಾಳೆ."

ನಗು ಇನ್ನೂ ಏರಿತು. ನ್ಯುಮೇರಿಯಸ್‌ನ ಮುಖ ಸುಣ್ಣವಾಯಿತು. ಹಿಲಾರಸ್‌ನ ದನಿ ತಟ್ಟನೆ ತಗ್ಗಿತು, ಆದರೂ ಎಲ್ಲರಿಗೂ ಕೇಳುತ್ತಿತ್ತು.

"ಇವತ್ತು ಸಂಜೆ ಅವಳನ್ನ ಕಾಪುವಾಗೆ ಕಳಿಸ್ತಿದಾರೆ. ಹೇಳು ಮಗನೇ. ಅವಳನ್ನ ಬಿಡಿಸ್ತೀಯಾ, ಇಲ್ಲಾ ನಿಮ್ಮಪ್ಪ ಇಷ್ಟು ಜನದ ಮುಂದೆ ಸುಳ್ಳುಗಾರ ಅನ್ನಿಸ್ಕೊಂಡು ಸುಡುಗಾಡಿಗೆ ಹೋಗ್ಬೇಕಾ?"

"ಅವನ ಮುಖವಾಡ ಕೀಳ್ರೋ!" ಎಂದು ನ್ಯುಮೇರಿಯಸ್ ಹಲ್ಲು ಕಚ್ಚಿ ಹೇಳಿದ್ದು ಹತ್ತಿರವಿದ್ದ ನನಗೆ ಕೇಳಿಸಿತು. ಭಟರು ಒಂದು ಹೆಜ್ಜೆ ಮುಂದೆ ಬಂದು ನಿಂತುಬಿಟ್ಟರು. ಮೈಮೇಲೆ ನೇರಳೆ ಅಂಚು, ಮುಖದ ಮೇಲೆ ಮನೆತನದ ಹಿರಿಯ. ಊರೆದುರಿಗೆ ಅದಕ್ಕೆ ಕೈ ಹಾಕುವ ಧೈರ್ಯ ಯಾರಿಗಿದೆ?

ಆಗ ನಾನು ಶುರುಮಾಡಿದೆ. ಅವತ್ತು ಯಾರೂ ಕೂಲಿ ಕೊಟ್ಟು ಹೇಳಿಸದ ಹಾಡದು. "ಸತ್ತವ ಕೇಳ್ಯಾನೋ, ಕೊಡಿರಯ್ಯೋ! ಹೋಗುವವ ಕೇಳ್ಯಾನೋ, ಕೊಡಿರಯ್ಯೋ!" ಎದೆ ಬಡಿದುಕೊಂಡೆ. ನನ್ನ ಹೆಂಗಸರು ಹಿಂದಿನಿಂದ ಎತ್ತಿಕೊಂಡರು. ಎಲೆಕೋಸಿನವಳು ಎತ್ತಿಕೊಂಡಳು. ಆಮೇಲೆ ಕಮ್ಮಾರರು, ಬಟ್ಟೆ ಒಗೆಯುವವರು, ಹಮಾಲರು. "ಕೊಡಿರಯ್ಯೋ" ಎಂದು ಇಡೀ ಫೋರಂ ಬಡಿದುಕೊಳ್ಳತೊಡಗಿತು.

ನ್ಯುಮೇರಿಯಸ್ ಎಂಥ ನರಿ ಎಂದರೆ, ಕ್ಷಣದಲ್ಲಿ ಕಣ್ಣು ಒದ್ದೆ ಮಾಡಿಕೊಂಡ. ಎರಡೂ ಕೈ ಎತ್ತಿ, "ತಂದೆಯ ಮಾತೆಂದರೆ ನನಗೆ ದೇವರ ಮಾತು! ಮಿರ್ತಿಸ್ ಸ್ವತಂತ್ರಳು!" ಅಂದ. ಜನ ಹುಚ್ಚೆದ್ದು ಕೂಗಿದರು.

ಮುಖವಾಡ ಯಾಕೆ ತೆಗೆಯಲಿಲ್ಲವೋ, ಕೆಳಗಿರುವ ಮುಖವನ್ನೂ ತೋರಿಸಬೇಕಿತ್ತು ಎಂದು ಆಮೇಲೆ ಹಿಲಾರಸ್‌ನನ್ನು ಬೈದೆ.

"ತೆಗೆದಿದ್ರೆ ಏನ್ ಕಾಣ್ತಿತ್ತು ಅಕ್ಕಾ? ಗುಲಾಮನಾಗಿದ್ದೋನು ಒಬ್ಬ. ಅಂಥೋನ ಮಾತಿಗೆ ಯಾರು ಬಾಯಿ ಬಡ್ಕೋತಾರೆ?"

ಮರುದಿನವೇ ಮಿರ್ತಿಸ್‌ಳನ್ನು ನ್ಯಾಯಪೀಠದ ಮುಂದೆ ನಿಲ್ಲಿಸಿದರು. ಕೋಲು ಮುಟ್ಟಿಸಿ, ಒಂದು ಸುತ್ತು ತಿರುಗಿಸಿ ಕೈಬಿಟ್ಟರು. ಅವಳು ಸ್ವತಂತ್ರಳಾದಳು. ಮನೆಗೆ ಬಂದ ಕೂಡಲೇ ನ್ಯುಮೇರಿಯಸ್ ಅವಳಿಂದ ಆಣೆ ಮಾಡಿಸಿಕೊಂಡ. ದಿನಾ ಬೆಳಿಗ್ಗೆ ಬಂದು ಅಮ್ಮಾವ್ರ ತಲೆ ಬಾಚಬೇಕು. ಬಿಡಿಸಿದ ಧಣಿಗೆ ಅಷ್ಟು ಸೇವೆ ಮಾಡುವುದು ಪದ್ಧತಿ, ಇಲ್ಲ ಅನ್ನುವ ಹಾಗಿಲ್ಲ. ಹಿಲಾರಸ್‌ನನ್ನು ಮಾತ್ರ ಹಿತ್ತಿಲಿಗೆ ಕರೆಸಿದ.

"ಊರು ಬಿಡು. ಇನ್ನೊಮ್ಮೆ ನಿನ್ನ ಈ ಮುಖ ರೋಮಿನಲ್ಲಿ ಕಾಣಿಸಿದ್ರೆ ನಿನ್ನನ್ನೇನೂ ಮಾಡಲ್ಲ. ನಿನ್ನ ಮಗಳು ದಿನಾ ನನ್ನ ಹೊಸ್ತಿಲು ದಾಟಿ ಒಳಗೆ ಬರ್ತಾಳೆ. ಅಷ್ಟು ನೆನಪಿಟ್ಕೋ."

ಬಡವರ ಸಿಟ್ಟು ದವಡೆಗೆ ಮೂಲ ಅನ್ನುತ್ತಾರೆ. ಹಿಲಾರಸ್ ನಮ್ಮ ನದಿ ಕಡಲು ಸೇರುವ ಓಸ್ತಿಯಾ ಬಂದರಿಗೆ ಹೋದ. ಅಲ್ಲಿ ಹಡಗಿನಿಂದ ಗೋಧಿಮೂಟೆ ಇಳಿಸುವ ಹಮಾಲನಾದ.

ನ್ಯುಮೇರಿಯಸ್ ಚುನಾವಣೆಯಲ್ಲಿ ಗೆದ್ದ. ಯಾತರಿಂದ ಗೆದ್ದ ಗೊತ್ತೇ? ಆ ಒಂದು ಮಾತಿನಿಂದ. ಎದುರಾಳಿ ಜನರಿಗೆ ಕತ್ತಿಕಾಳಗ ತೋರಿಸಿದ, ಊಟ ಹಾಕಿಸಿದ, ಏನೂ ನಡೆಯಲಿಲ್ಲ. "ಸತ್ತ ಅಪ್ಪನ ಮಾತು ನಡೆಸಿದ ಮಗ" ಎಂದು ಗೋಡೆಗೋಡೆಯ ಮೇಲೆ ಬಣ್ಣದಲ್ಲಿ ಬರೆದರು. ನಾನು ಹಾಡಿ ಹಾಡಿ ಗಂಟಲು ಹರಿದುಕೊಂಡದ್ದು, ಹಿಲಾರಸ್ ಊರು ಬಿಟ್ಟದ್ದು, ಎಲ್ಲ ಆ ನರಿಯ ಗದ್ದುಗೆಗೆ ಮೆಟ್ಟಿಲಾಯಿತು. ಈಗಲೂ ಮಕ್ಕಳಿಗೆ ಆ ಕಥೆ ಹೇಳುತ್ತಾರೆ. ಅದರಲ್ಲಿ ನ್ಯುಮೇರಿಯಸ್ ಇದ್ದಾನೆ, ಅವನಪ್ಪ ಇದ್ದಾನೆ. ಹಿಲಾರಸ್ ಎಲ್ಲಿ ಎಂದು ಕೇಳಿದರೆ ಅದ್ಯಾರು ಅನ್ನುತ್ತಾರೆ. ಈ ಊರಿಗೆ ಬೆಂಕಿ ಬೀಳಲಿ ಅನ್ನಿಸುತ್ತದೆ ನನಗೆ. ಬಿದ್ದರೂ ಸುಡುವುದು ನಮ್ಮ ಮನೆಗಳೇ, ಆ ಕಪಾಟುಗಳನ್ನು ಹೊತ್ತುಕೊಂಡು ಓಡಲು ಅವರಿಗೆ ಗುಲಾಮರಿದ್ದಾರೆ.

ಮಿರ್ತಿಸ್ ಒಬ್ಬ ಚಮ್ಮಾರನನ್ನು ಮದುವೆಯಾದಳು, ಒಳ್ಳೆಯವನು. ಅವಳಿಗೆ ಗಂಡುಮಗುವಾಯಿತು, ಹುಟ್ಟುವಾಗಲೇ ಸ್ವತಂತ್ರ. ದಿನಾ ಬೆಳಿಗ್ಗೆ ಸೆರ್ತಿನಿಯಸ್ ಮನೆಗೆ ಹೋಗಿ "ನಿಮ್ಮ ದಯೆ ಬುದ್ದೀ" ಎಂದು ಹೇಳಿ ತಲೆ ಬಾಚಿ ಬರುತ್ತಿದ್ದಳು. ಅಪ್ಪನನ್ನು ನೋಡಲು ಓಸ್ತಿಯಾಗೆ ಹೋಗಿಬರಲು ಒಂದು ದಿನದ ಬಿಡುವನ್ನೂ ಆ ಮನೆ ಕೊಡಲಿಲ್ಲ. ನಾನು ಹೋದಾಗಲೆಲ್ಲ ಹಿಲಾರಸ್ ಮೊಮ್ಮಗನ ಮೂಗು ಹೇಗಿದೆ ಎಂದು ಕೇಳುತ್ತಿದ್ದ.

"ಚಮ್ಮಾರನ ಮೂಗು ಕಣೋ," ಅಂದೆ.

"ಸದ್ಯ!" ಅಂದ.

ಈ ಚಳಿಗಾಲದಲ್ಲಿ ಮೂಟೆ ಹೊತ್ತವನು ಹಲಗೆಯ ಮೇಲೆ ಕಾಲು ಜಾರಿ ಬಿದ್ದನಂತೆ. ದೋಣಿಯವನು ಬಂದು ಹೇಳುವಷ್ಟರಲ್ಲಿ ಎಲ್ಲ ಮುಗಿದಿತ್ತು. ಮಿರ್ತಿಸ್ ಆ ಬೆಳಿಗ್ಗೆ ಅಮ್ಮಾವ್ರ ಕೂದಲನ್ನು ಅರ್ಧಕ್ಕೇ ಬಿಟ್ಟು ಬಾಚಣಿಗೆಯನ್ನು ನೆಲಕ್ಕೆ ಬಿಸಾಕಿ ನನ್ನ ಜೊತೆ ಹೊರಟಳು.

ಹಮಾಲರು ಉಗ್ರಾಣದ ಹಿಂದೆ ಸೌದೆ ಒಟ್ಟಿದ್ದರು. ಈಗಿನ ಧಣಿ ನ್ಯುಮೇರಿಯಸ್‌ನ ಕಡೆಯಿಂದ ಒಬ್ಬ ಕಾರಭಾರಿಯೂ ಬಂದು ನಿಂತಿದ್ದ. ಬಿಡುಗಡೆಯಾದವನು ಸತ್ತರೆ ಅವನು ಬಿಟ್ಟುಹೋದದ್ದರ ಮೇಲೆ ಧಣಿಗೆ ಹಕ್ಕಿದೆ. ಹರಕು ಕಂಬಳಿ, ಒಂದು ಬಟ್ಟಲು, ಅದನ್ನು ನೋಡಲು ಬಂದಿದ್ದ. ಬೆಂಕಿ ಇಡುವ ಮೊದಲು ಸತ್ತವನನ್ನು ಹೆಸರು ಹಿಡಿದು ಕೂಗಬೇಕು. ಅದು ನನ್ನ ಕೆಲಸ. ನಾನು ಬಾಯಿ ತೆರೆದೆ, ಏನೆಂದು ಕೂಗಲಿ? ಔಲಸ್ ಸೆರ್ತಿನಿಯಸ್ ಅನ್ನುವುದು ಧಣಿಯ ಹೆಸರು. ಹಿಲಾರಸ್ ಅಂದರೆ ನಗುವವನು, ಹುಟ್ಟಿದ ಗುಲಾಮನಿಗೆ ಯಾವನೋ ಮೇಸ್ತ್ರಿ ಇಟ್ಟ ಹೆಸರು.

ಮಿರ್ತಿಸ್ ನನ್ನನ್ನು ಪಕ್ಕಕ್ಕೆ ಸರಿಸಿದಳು. ಬಗ್ಗಿ ಅವನ ಕಿವಿಯ ಹತ್ತಿರ ಬಾಯಿಟ್ಟು, "ಅಪ್ಪಾ!" ಎಂದು ಕೂಗಿದಳು.

"ಏ ಹೆಂಗಸೇ, ಹಾಗೆ ಕೂಗೋ ಹಾಗಿಲ್ಲ," ಅಂದ ಕಾರಭಾರಿ. "ಗುಲಾಮಳ ಹೊಟ್ಟೇಲಿ ಹುಟ್ಟಿದೋಳು ನೀನು. ಕಾನೂನಲ್ಲಿ ನಿನಗೆ ಅಪ್ಪ ಇಲ್ಲ. ಹೆಸರು ಹಿಡಿದು ಕೂಗು."

ಅವಳು ಎದ್ದು ಅವನ ಕಡೆ ತಿರುಗಿದಳು. ಸಿಟ್ಟಿಗೆ ಅವಳ ಎಡಹುಬ್ಬು ಹಾರಿತ್ತು. ಹಮಾಲರು ಕೈಯಲ್ಲಿದ್ದ ಸೌದೆಯನ್ನು ಕೆಳಗಿಡದೆ ಅವಳ ಹಿಂದೆ ಬಂದು ನಿಂತರು. ಕಾರಭಾರಿ ಅವಳ ಮುಖ ನೋಡಿದ, ಸೌದೆ ನೋಡಿದ, ಆ ಹರಕು ಕಂಬಳಿಯನ್ನೂ ಅಲ್ಲೇ ಬಿಟ್ಟು ಹಿಂದೆ ಸರಿದ.

ಮಿರ್ತಿಸ್ ಮತ್ತೆ ಚಿತೆಯ ಕಡೆ ತಿರುಗಿ, ನದಿಯ ಆಚೆ ದಡಕ್ಕೂ ಕೇಳುವಂತೆ ಅದೇ ಮಾತನ್ನು ಕೂಗಿದಳು.